ಬುತೋ: ಜಪಾನಿನ ‘ಕಗ್ಗತ್ತಲ ಕುಣಿತ’ದ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಬುತೋ ಎಂದರೇನು? ‘ಬುಟೊ’ ಎಂದೂ ಬರೆಯುತ್ತಾರಲ್ಲ, ಯಾವುದು ಸರಿ?

ಜಪಾನಿ ಉಚ್ಚಾರಕ್ಕೆ ಹತ್ತಿರವಿರುವುದು ‘ಬುತೋ’. ನಡುವೆ ತಕಾರ, ಕೊನೆಗೆ ದೀರ್ಘ ಸ್ವರ. ಇಂಗ್ಲಿಷ್ ಬರಹದ ಮೂಲಕ ಪರಿಚಯವಾದವರು ‘ಬುಟೊ’ ಎನ್ನುತ್ತಾರೆ, ಅದರಲ್ಲಿ ಜಗಳವೇನಿಲ್ಲ.

‘ಬು’ ಎಂದರೆ ಕುಣಿತ, ‘ತೋ’ ಎಂದರೆ ತುಳಿತ. ನೃತ್ಯಕ್ಕೆ ಜಪಾನಿನಲ್ಲಿ ಚಾಲ್ತಿಯಲ್ಲಿರುವ ಪದ ‘ಬುಯೋ’. ಅದರ ‘ಯೋ’ದಲ್ಲಿ ಜಿಗಿತದ ಅರ್ಥವಿದೆ. ಅಂದರೆ ಈ ಕಲೆ ಹೆಸರಿನಲ್ಲೇ ಜಿಗಿತ ಬಿಟ್ಟು ತುಳಿತ ಹಿಡಿದಿದೆ. ಇನ್ನೂ ಒಂದು ತಮಾಷೆಯಿದೆ: 19ನೇ ಶತಮಾನದ ಕೊನೆಯಲ್ಲಿ, ಮೇಜಿ ಕಾಲದ ಜಪಾನಿನಲ್ಲಿ, ‘ಬುತೋ’ ಎಂದರೆ ಸೂಟು ಗೌನು ತೊಟ್ಟು ಯುರೋಪಿನವರ ಹಾಗೆ ಜೋಡಿಯಾಗಿ ಕುಣಿಯುವುದು ಎಂದಿತ್ತು. ಆ ಪದವನ್ನೇ 1960ರ ದಶಕದಲ್ಲಿ ನೃತ್ಯಗಾರ ಹಿಜಿಕಾತಾ ತತ್ಸುಮಿ ಎತ್ತಿಕೊಂಡು ‘ಅಂಕೊಕು ಬುತೋ’ ಎಂದು ತಿರುಗಿಸಿದರು. ‘ಅಂಕೊಕು’ ಎಂದರೆ ಕಗ್ಗತ್ತಲು. ಈಗ ಜನ ‘ಅಂಕೊಕು’ ಬಿಟ್ಟು ಬರೀ ಬುತೋ ಎನ್ನುತ್ತಾರೆ.

ಮೊದಲ ಪ್ರದರ್ಶನ ಯಾವುದು?

1959ರ ಮೇ 24, ಟೋಕಿಯೊದ ದೈಇಚಿ ಸೇಮೇಯ್ ಸಭಾಂಗಣ. ನೃತ್ಯಗಾರರ ಸಂಘವೊಂದು ಹೊಸಬರಿಗೆಂದು ಏರ್ಪಡಿಸಿದ್ದ ಕಾರ್ಯಕ್ರಮದಲ್ಲಿ ಹಿಜಿಕಾತಾ ‘ಕಿಂಜಿಕಿ’ ಎಂಬ ಪುಟ್ಟ ಕೃತಿ ಮಾಡಿದರು. ‘ನಿಷಿದ್ಧ ಬಣ್ಣಗಳು’ ಎಂಬ ಅರ್ಥದ ಈ ಶೀರ್ಷಿಕೆ ಯುಕಿಯೊ ಮಿಶಿಮಾರ ಕಾದಂಬರಿಯದು. ಒಳಗಿನ ಸತ್ವ ಮಾತ್ರ ಫ್ರಾನ್ಸಿನ ಲೇಖಕ ಜಾನ್ ಜೆನೆಯ ಲೋಕಕ್ಕೆ ಹತ್ತಿರ. ರಂಗದ ಮೇಲಿದ್ದವರು ಇಬ್ಬರೇ: ಹಿಜಿಕಾತಾ ಮತ್ತು ಹದಿಹರೆಯ ಆಗಷ್ಟೇ ಮುಗಿಯುತ್ತಿದ್ದ ಓನೋ ಯೊಷಿತೊ (ಮುಂದೆ ಬರುವ ಓನೋ ಕಜುವೊ ಅವರ ಮಗ). ಯುವಕ ಜೀವಂತ ಕೋಳಿಯನ್ನು ತೊಡೆಗಳ ನಡುವೆ ಒತ್ತಿ ಹಿಡಿಯುತ್ತಾನೆ. ಕೊನೆಯ ಭಾಗ ಬಹುಪಾಲು ಕತ್ತಲಲ್ಲಿ ನಡೆಯುತ್ತದೆ, ಪ್ರೇಕ್ಷಕರಿಗೆ ಸಿಗುವುದು ಉಸಿರು ಮತ್ತು ಓಡುವ ಹೆಜ್ಜೆಯ ಸದ್ದು.

ಸಂಘದೊಳಗೆ ಗದ್ದಲವೆದ್ದಿತು, ಹಿಜಿಕಾತಾ ಹೊರಬಂದರು. ಬೈದವರಷ್ಟೇ ಬೆರಗಾದವರೂ ಇದ್ದರು. ಮಿಶಿಮಾ ಸ್ವತಃ ಬಂದು ಗೆಳೆಯರಾದರು. ಛಾಯಾಗ್ರಾಹಕ ಹೊಸೊಯೆ ಎಯ್ಕೊ, ಫ್ರೆಂಚ್ ಲೇಖಕ ಮಾರ್ಕಿ ದ ಸಾದ್‌ನನ್ನು ಜಪಾನಿಗೆ ಅನುವಾದಿಸಿದ ಶಿಬುಸಾವಾ ತತ್ಸುಹಿಕೊ, ಚಿತ್ರಕಾರ ನಕಾನಿಶಿ ನತ್ಸುಯುಕಿ ಇವರೆಲ್ಲ ಸುತ್ತ ಸೇರಿದರು. ಬುತೋ ಬೆಳೆದದ್ದು ನೃತ್ಯಶಾಲೆಗಳಲ್ಲಿ ಅಲ್ಲ, ಕವಿಗಳು ಮತ್ತು ಚಿತ್ರಕಾರರ ಈ ಕೂಟದಲ್ಲಿ. ಅದು ಚಲನೆಗಿಂತ ಪದ ಮತ್ತು ಚಿತ್ರಗಳ ಮೇಲೆ ಇಷ್ಟೊಂದು ನಿಂತಿರುವುದು ಅದಕ್ಕೇ.

ಹಿರೋಶಿಮಾ–ನಾಗಸಾಕಿಯ ಬಾಂಬಿನಿಂದ ಹುಟ್ಟಿದ ನೃತ್ಯ ಇದು, ಅಲ್ಲವೆ?

ಅಲ್ಲ. ನಮಗೆ ಅತಿ ಹೆಚ್ಚು ಬರುವ ಪ್ರಶ್ನೆ ಇದೇ. ಬಿಳಿ ಬಳಿದ ಮೈ, ತಿರುಚಿದ ಕೈಕಾಲು, ತೆರೆದ ಬಾಯಿ ನೋಡಿದ ಪಾಶ್ಚಾತ್ಯ ಪ್ರೇಕ್ಷಕರು ಮತ್ತು ಪತ್ರಕರ್ತರು ಮಾಡಿಕೊಂಡ ಸುಲಭದ ಜೋಡಣೆ ಅದು. ಸೋಲು, ಅಮೆರಿಕದ ಆಡಳಿತ, 1959–60ರಲ್ಲಿ ಅಮೆರಿಕ–ಜಪಾನ್ ಭದ್ರತಾ ಒಪ್ಪಂದದ ವಿರುದ್ಧ ಬೀದಿಗಿಳಿದ ಲಕ್ಷಾಂತರ ಜನ, 1964ರ ಒಲಿಂಪಿಕ್ಸ್‌ಗಾಗಿ ತೊಳೆದು ಬಳಿದು ನಿಲ್ಲಿಸಿದ ಟೋಕಿಯೊ ಇವೆಲ್ಲ ಹಿನ್ನೆಲೆಯಲ್ಲಿ ಇದ್ದದ್ದು ನಿಜ. ಆದರೆ ಹಿಜಿಕಾತಾ ತಮ್ಮ ಬರಹಗಳಲ್ಲಿ ಮತ್ತೆ ಮತ್ತೆ ಮರಳುವುದು ಬಾಂಬಿಗಲ್ಲ, ತಾವು ಹುಟ್ಟಿದ ಊರಿನ ಕೆಸರಿಗೆ.

ಯಾವ ಊರು? ಅದಕ್ಕೂ ಕುಣಿತಕ್ಕೂ ಏನು ಸಂಬಂಧ?

ಹಿಜಿಕಾತಾ 1928ರ ಮಾರ್ಚ್ 9ರಂದು ಉತ್ತರ ಜಪಾನಿನ ಅಕಿತಾದಲ್ಲಿ ಹುಟ್ಟಿದರು. ಹುಟ್ಟುಹೆಸರು ಯೊನೆಯಾಮಾ ಕುನಿಯೊ. ಆ ಸೀಮೆಗೆ ತೋಹೊಕು ಎನ್ನುತ್ತಾರೆ: ದಟ್ಟ ಹಿಮ, ಭತ್ತದ ಗದ್ದೆ, ಹಿಂದುಳಿದ ನಾಡೆಂಬ ಹಣೆಪಟ್ಟಿ. ಗದ್ದೆ ಕೆಲಸದ ದಿನಗಳಲ್ಲಿ ಮಕ್ಕಳನ್ನು ಹುಲ್ಲಿನ ಬುಟ್ಟಿಯಲ್ಲಿ ಕೂರಿಸಿ, ಸುತ್ತ ಬಟ್ಟೆ ತುರುಕಿ, ಬದುವಿನ ಮೇಲೆ ಬಿಟ್ಟು ಹೋಗುವುದಿತ್ತು. ಸಂಜೆ ಎತ್ತಿ ಇಳಿಸಿದರೆ ಮಡಚಿಕೊಂಡಿದ್ದ ಕಾಲು ನಿಲ್ಲುತ್ತಿರಲಿಲ್ಲ. ತನ್ನ ಕಾಲು ತನ್ನದಲ್ಲ ಎಂದು ಮಗುವಿಗೆ ಅನ್ನಿಸುವ ಆ ಗಳಿಗೆಯನ್ನು ಹಿಜಿಕಾತಾ 1985ರ ಒಂದು ಉಪನ್ಯಾಸದಲ್ಲೂ ನೆನೆದಿದ್ದಾರೆ.

ಈ ನೆಲದಿಂದ ಬಂದದ್ದು ‘ಗಾನಿಮತಾ’, ಅಂದರೆ ಡೊಂಕುಗಾಲು. ಮೊಣಕಾಲು ಹೊರಕ್ಕೆ ಬಾಗಿ, ಭಾರವೆಲ್ಲ ಅಂಗಾಲಿನ ಹೊರ ಅಂಚಿಗೆ ಬಿದ್ದು, ಹೆಬ್ಬೆರಳು ನೆಲ ಬಿಟ್ಟಿರುತ್ತದೆ. ಬ್ಯಾಲೆಯ ಉದ್ದನೆಯ ನೇರ ಕಾಲು ತಮ್ಮ ಮೈಗೆ ಒಗ್ಗದು ಎಂದು ಕಂಡುಕೊಂಡವರು, ಒಗ್ಗದಿರುವುದನ್ನೇ ಶೈಲಿ ಮಾಡಿಕೊಂಡರು.

ಒಂದು ಎಚ್ಚರ. ಹಿಜಿಕಾತಾ ತಮ್ಮ ಬಾಲ್ಯವನ್ನು ಹೇಳುವಾಗ ಕಟ್ಟುಕಥೆಯನ್ನೂ ಸೇರಿಸುತ್ತಿದ್ದರು. ಸತ್ತ ಅಕ್ಕ ತಮ್ಮೊಳಗೆ ಬದುಕಿದ್ದಾಳೆ ಎಂದು ಬರೆದದ್ದನ್ನು ಜೀವನಚರಿತ್ರೆ ಎಂದು ಓದಬಾರದು. ಅವರ ತೋಹೊಕು ನಕ್ಷೆಯಲ್ಲಿರುವ ಜಾಗವೂ ಹೌದು, ಟೋಕಿಯೊದಲ್ಲಿ ಕೂತು ಕಟ್ಟಿಕೊಂಡ ಊರೂ ಹೌದು.

ಓನೋ ಕಜುವೊ ಯಾರು? ಇಬ್ಬರಲ್ಲಿ ‘ನಿಜವಾದ’ ಸ್ಥಾಪಕರು ಯಾರು?

ಕಲೆಗೆ ಹೆಸರು ಮತ್ತು ವಿಧಾನ ಕೊಟ್ಟವರು ಹಿಜಿಕಾತಾ. ಓನೋ ಇಲ್ಲದಿದ್ದರೆ ಹಿಜಿಕಾತಾ ಈ ದಾರಿ ಹಿಡಿಯುತ್ತಿದ್ದರೇ ಎಂಬುದು ಅನುಮಾನ. 1949ರಲ್ಲಿ ಓನೋ ಅವರ ಮೊದಲ ಸ್ವತಂತ್ರ ಪ್ರದರ್ಶನವನ್ನು ನೋಡಿ ಹಿಜಿಕಾತಾ ದಂಗಾಗಿದ್ದರು.

ಓನೋ ಹುಟ್ಟಿದ್ದು 1906ರಲ್ಲಿ, ಹೊಕ್ಕೈಡೊದ ಹಕೊದಾತೆಯಲ್ಲಿ. ವೃತ್ತಿಯಿಂದ ಯೊಕೊಹಾಮಾದ ಬಾಲಕಿಯರ ಶಾಲೆಯಲ್ಲಿ ವ್ಯಾಯಾಮದ ಮೇಷ್ಟ್ರು. ಬ್ಯಾಪ್ಟಿಸ್ಟ್ ಕ್ರೈಸ್ತ. 1929ರಲ್ಲಿ ಟೋಕಿಯೊದ ಇಂಪೀರಿಯಲ್ ಥಿಯೇಟರಿನಲ್ಲಿ ‘ಲಾ ಅರ್ಜೆಂಟಿನಾ’ ಎಂದು ಹೆಸರಾಗಿದ್ದ ಸ್ಪ್ಯಾನಿಷ್ ನರ್ತಕಿ ಆಂಟೋನಿಯಾ ಮೆರ್ಸೆಯನ್ನು ನೋಡಿದರು. 1938ರಲ್ಲಿ ಸೇನೆಗೆ ಕರೆ ಬಂತು. ಚೀನಾ, ಆಮೇಲೆ ನ್ಯೂಗಿನಿ, ಅಲ್ಲಿ ಸೆರೆ. ಮರಳುವ ಹಡಗಿನಲ್ಲಿ ಸತ್ತವರನ್ನು ಸಮುದ್ರಕ್ಕೆ ಇಳಿಸಿದ್ದು ಕೊನೆಯವರೆಗೂ ಅವರನ್ನು ಬಿಡಲಿಲ್ಲ.

1976ರಲ್ಲಿ ನಕಾನಿಶಿಯವರ ಅಮೂರ್ತ ಚಿತ್ರವೊಂದರ ಮುಂದೆ ನಿಂತಾಗ ಅದರಲ್ಲಿ ಅವರಿಗೆ ಆ ಸ್ಪ್ಯಾನಿಷ್ ನರ್ತಕಿ ಕಂಡಳು. ಮರುವರ್ಷ ನವೆಂಬರ್ 1ರಂದು, 71ನೇ ವಯಸ್ಸಿನಲ್ಲಿ, ಹಿಜಿಕಾತಾ ನಿರ್ದೇಶನದಲ್ಲಿ ‘ಲಾ ಅರ್ಜೆಂಟಿನಾ’ಳಿಗೆ ನಮನವಾಗಿ ಹೆಣ್ಣುಡುಗೆ ತೊಟ್ಟು ಕುಣಿದರು. 1980ರಲ್ಲಿ ಫ್ರಾನ್ಸಿನ ನಾನ್ಸಿ ಉತ್ಸವದಲ್ಲಿ ಅದನ್ನು ಕಂಡ ಮೇಲೆ ಯುರೋಪಿಗೆ ಬುತೋ ಎಂದರೆ ಓನೋ ಎಂದಾಯಿತು. ಕಾಲು ಸೋತ ಮೇಲೆ ಗಾಲಿಕುರ್ಚಿಯಲ್ಲಿ ಕೂತು ಕೈಗಳಿಂದಲೇ ಕುಣಿದರು. ತೀರಿಕೊಂಡದ್ದು 2010ರ ಜೂನ್ 1ರಂದು, 103ನೇ ವಯಸ್ಸಿನಲ್ಲಿ. ಹಿಜಿಕಾತಾ 1986ರ ಜನವರಿಯಲ್ಲಿ, 57ಕ್ಕೇ ಹೋಗಿಬಿಟ್ಟಿದ್ದರು.

ಹಿಜಿಕಾತಾ ಹೊರಗಿನ ರೂಪವನ್ನು ಕಟ್ಟಿ ಒಳಕ್ಕೆ ಹೋಗುತ್ತಿದ್ದರು, ಓನೋ ಒಳಗಿನ ಭಾವ ಮೊದಲು ಬರಲಿ ರೂಪ ತಾನಾಗಿ ಬರುತ್ತದೆ ಎನ್ನುತ್ತಿದ್ದರು. ಇಂದಿನ ಬುತೋ ಶಿಬಿರಗಳಲ್ಲಿ ನಡೆಯುವ ಅರ್ಧ ವಾದಗಳಿಗೆ ಮೂಲ ಇದು.

ಹಾಗಾದರೆ ಇದು ಪೂರಾ ಜಪಾನಿನದೇ? ಹೊರಗಿನ ಪ್ರಭಾವ ಇಲ್ಲವೆ?

ಬೇಕಾದಷ್ಟಿದೆ. ಓನೋ ಕಲಿತದ್ದು ಇಶಿಯಿ ಬಾಕು ಅವರಲ್ಲಿ, ಆಮೇಲೆ ಎಗುಚಿ ತಕಾಯಾ ಅವರಲ್ಲಿ. ಎಗುಚಿ ಜರ್ಮನಿಗೆ ಹೋಗಿ ಮೇರಿ ವಿಗ್‌ಮನ್ ಬಳಿ ಆಧುನಿಕ ನೃತ್ಯ ಕಲಿತು ಬಂದವರು. ಹಿಜಿಕಾತಾ ಕೂಡ ಅಕಿತಾದಲ್ಲಿ ಮೊದಲು ಕಲಿತದ್ದು ಇದೇ ಜರ್ಮನ್ ಪದ್ಧತಿಯನ್ನು. ಜಪಾನಿನದೇ ಆದ ಮುಖವಾಡದ ನಾಟಕ ನೋಹ್‌ನಿಂದ ಪಾದ ಸವರುವ ನಡಿಗೆ ಬಂತು. ಅಲ್ಲಿಯದೇ ಇನ್ನೊಂದು ರಂಗಕಲೆ ಕಬುಕಿಯ ಬಿಳಿ ಮುಖವೂ ಹತ್ತಿರದ್ದೇ. ಕೊನೆಕೊನೆಗೆ ಹಿಜಿಕಾತಾ ತಮ್ಮ ಕೆಲಸವನ್ನು ‘ತೋಹೊಕು ಕಬುಕಿ’ ಎಂದೇ ಕರೆದರು.

ಇದರ ತತ್ತ್ವವನ್ನು ಒಂದು ಮಾತಿನಲ್ಲಿ ಹೇಳಬಹುದೇ?

ಹಿಜಿಕಾತಾ ಅವರೇ ಹೇಳಿದ ಮಾತು ಪ್ರಸಿದ್ಧವಾಗಿದೆ: ಬುತೋ ಎಂದರೆ ಪ್ರಾಣ ಪಣಕ್ಕಿಟ್ಟು ನೆಟ್ಟಗೆ ನಿಂತ ಹೆಣ.

ಕೇಳಲು ಭಯಂಕರ, ಆದರೆ ಅಭ್ಯಾಸದಲ್ಲಿ ಇದಕ್ಕೆ ಬಹಳ ಸಾದಾ ಅರ್ಥವಿದೆ. ಹೆಣಕ್ಕೆ ಸ್ವಂತ ಇಚ್ಛೆ ಇಲ್ಲ, ಅದು ನಿಲ್ಲಲಾರದು. ಆದರೂ ನಿಂತಿದ್ದರೆ, ನಿಲ್ಲುವುದೇ ದೊಡ್ಡ ಕೆಲಸವಾಗುತ್ತದೆ. ನಾವು ದಿನವೂ ಯೋಚಿಸದೆ ಮಾಡುವ ನಿಲ್ಲು, ನಡೆ, ಕೂರುಗಳಿಂದ ಅಭ್ಯಾಸಬಲವನ್ನು ಕಿತ್ತುಹಾಕಿ ಅವನ್ನು ಮತ್ತೆ ಕಷ್ಟದ ಕೆಲಸವಾಗಿ ಮಾಡುವುದು ಇಲ್ಲಿಯ ಹುನ್ನಾರ. ‘ನಾನು ಕೈ ಎತ್ತುತ್ತೇನೆ’ ಎಂಬುದು ಹೋಗಿ ‘ಕೈ ಎತ್ತಲ್ಪಡುತ್ತಿದೆ’ ಎಂಬುದು ಬರಬೇಕು. ಎತ್ತುತ್ತಿರುವುದು ದಾರವೋ ಹೊಗೆಯೋ ಹುಳುವೋ, ಅದು ಆಮೇಲಿನ ಮಾತು.

ಇನ್ನೊಂದು ಪದ ತಿಳಿದಿರಲಿ: ‘ನಿಕುತಾಯ್’. ಶರೀರಕ್ಕೆ ಜಪಾನಿಯಲ್ಲಿ ‘ಶಿಂತಾಯ್’ ಎಂಬ ಸಭ್ಯ ಪದವಿದೆ, ‘ನಿಕು’ ಎಂದರೆ ಮಾಂಸ. ಕನ್ನಡದಲ್ಲಿ ‘ಶರೀರ’ಕ್ಕೂ ‘ಒಡಲು’ ಪದಕ್ಕೂ ಇರುವ ಅಂತರವನ್ನು ನೆನೆದರೆ ಅಂದಾಜು ಸಿಗುತ್ತದೆ. ಹಿಜಿಕಾತಾ 1968ರ ತಮ್ಮ ಏಕವ್ಯಕ್ತಿ ಪ್ರದರ್ಶನಕ್ಕೆ ಇಟ್ಟ ಹೆಸರಿನಲ್ಲೇ ‘ನಿಕುತಾಯ್‌ನ ದಂಗೆ’ ಇದೆ. ತೂಗುಬಿಟ್ಟ ಹಿತ್ತಾಳೆ ತಗಡುಗಳ ನಡುವೆ, ಉದ್ದ ಕೂದಲು ಗಡ್ಡ ಬಿಟ್ಟು, ಊಟ ಬಿಟ್ಟು ಒಣಗಿಸಿದ ಮೈಯಲ್ಲಿ ಕುಣಿದದ್ದು ಅದು. ಆ ಆರ್ಭಟದ ನಂತರ ಅವರು ತಿರುಗಿದ್ದು ತೀರ ವಿರುದ್ಧ ದಿಕ್ಕಿಗೆ, ‘ಸುಯ್‌ಜಾಕು’ ಅಂದರೆ ಸೊರಗಿದ ದೇಹದ ಕಡೆಗೆ. 1972ರಲ್ಲಿ 27 ದಿನ ಸತತವಾಗಿ ನಡೆದ ‘ನಾಲ್ಕು ಋತುಗಳಿಗಾಗಿ ಇಪ್ಪತ್ತೇಳು ರಾತ್ರಿ’ ಎಂಬ ಸರಣಿಯ ‘ಹೋಸೋತಾನ್’ನಲ್ಲಿ, ಏಳಲಾಗದ ರೋಗಿಯಾಗಿ ನೆಲದ ಮೇಲೆ ಬಹು ಹೊತ್ತು ಅವರು ಮಾಡುವ ಕುಣಿತವಿದೆ. ಅದರ ಚಿತ್ರೀಕರಣ ಉಳಿದಿದೆ. ಬುತೋದಲ್ಲಿ ಒಂದನ್ನೇ ನೋಡುವುದಾದರೆ ಅದನ್ನು ನೋಡಿ.

ಎಲ್ಲ ಆಶುವಾಗಿ ಮಾಡುವುದು ತಾನೆ? ಬರೆದಿಟ್ಟ ಕ್ರಮ ಏನಾದರೂ ಇದೆಯೇ?

ಇದೆ, ಅದೂ ಬಲು ಬಿಗಿಯಾದದ್ದು. ‘ಬುತೋ-ಫು’ ಎನ್ನುತ್ತಾರೆ. ‘ಫು’ ಎಂದರೆ ಸಂಗೀತದ ಸ್ವರಲಿಪಿ ಇದ್ದ ಹಾಗೆ. ಇದರಲ್ಲಿ ಕಡ್ಡಿ ಗೊಂಬೆಗಳಾಗಲಿ ಬಾಣದ ಗುರುತುಗಳಾಗಲಿ ಇಲ್ಲ, ಬರೀ ಪದಗಳು. 1970ರ ದಶಕದಲ್ಲಿ ಟೋಕಿಯೊದ ಮೆಗುರೊದಲ್ಲಿದ್ದ ‘ಆಸ್ಬೆಸ್ಟೊಸ್ ಕಾನ್’ ಎಂಬ ತಾಲೀಮು ಮನೆಯಲ್ಲಿ ಹಿಜಿಕಾತಾ ತಮಟೆ ಬಡಿಯುತ್ತ ಪದಗಳ ಸುರಿಮಳೆ ಸುರಿಸುತ್ತಿದ್ದರು. ಶಿಷ್ಯರು ಕುಣಿಯುತ್ತಿದ್ದರು, ಆಮೇಲೆ ಬರೆದುಕೊಳ್ಳುತ್ತಿದ್ದರು. ಹಿಜಿಕಾತಾ ತಮ್ಮ ಅಂಟುಪುಸ್ತಕಗಳಲ್ಲಿ ಫ್ರಾನ್ಸಿಸ್ ಬೇಕನ್, ಗೋಯಾ, ಬೆಲ್‌ಮರ್, ಮಿಶೋ ಮುಂತಾದವರ ಚಿತ್ರಗಳನ್ನು ಕತ್ತರಿಸಿ ಅಂಟಿಸಿ, ಪಕ್ಕದಲ್ಲಿ ಟಿಪ್ಪಣಿ ಗೀಚಿದ್ದಾರೆ.

ಉದಾಹರಣೆಗೆ ಬಹಳ ಕಡೆ ಕಲಿಸುವ ಹುಳುಗಳ ಪಾಠ. ಬಲಗೈ ಬೆರಳುಗಳ ಸಂದಿಯಿಂದ ಒಂದು ಹುಳು ಹೊರಟು ಮುಂಗೈ ಹಿಂಬದಿ ದಾಟಿ ತೋಳಿಗೆ ಹತ್ತುತ್ತದೆ. ಎರಡನೆಯದು ಕತ್ತಿನ ಎಡಗಡೆಯಿಂದ ಬೆನ್ನಿಗಿಳಿಯುತ್ತದೆ. ಮೂರನೆಯದು ಬಲತೊಡೆಯ ಒಳಬದಿಯಲ್ಲಿ ಮೇಲೇರುತ್ತದೆ. ನಾಲ್ಕು, ಐದು. ಆಮೇಲೆ ಎಣಿಕೆ ನೂರಕ್ಕೆ, ಸಾವಿರಕ್ಕೆ ಹಾರಿ ಹುಳುಗಳು ರೋಮರಂಧ್ರದೊಳಗೆ ಇಳಿದು ಕರುಳಿಗೆ ತಲಪುತ್ತವೆ. ಮೊದಲ ಹುಳು ಹತ್ತುವಾಗ ಎರಡನೆಯದನ್ನು ಸೇರಿಸಬೇಕು, ಮೊದಲಿನದನ್ನು ಬಿಡಬಾರದು. ಕಷ್ಟ ಇರುವುದು ಇಲ್ಲೇ. ಮನಸ್ಸು ಐದು ಕಡೆ ಹಂಚಿಹೋದಾಗ ‘ಚೆನ್ನಾಗಿ ಕಾಣುವ ಹಾಗೆ ಕೈ ಆಡಿಸೋಣ’ ಎಂಬ ಯೋಚನೆಗೆ ಜಾಗವೇ ಉಳಿಯುವುದಿಲ್ಲ. ನೋಡುವವರಿಗೆ ಕಾಣುವ ಆ ವಿಚಿತ್ರ ನಡುಕ ಇದರ ಫಲ, ಗುರಿಯಲ್ಲ.

ಶಿಷ್ಯ ವಾಗುರಿ ಯುಕಿಯೊ ತಮ್ಮ ಟಿಪ್ಪಣಿಗಳನ್ನು ಏಳು ಲೋಕಗಳಾಗಿ ವಿಂಗಡಿಸಿ 1998ರಲ್ಲಿ ಸೀಡಿ-ರಾಮ್ ಆಗಿ ತಂದರು. ಮೂಲ ಸಾಮಗ್ರಿ ಟೋಕಿಯೊದ ಕೇಯೋ ವಿಶ್ವವಿದ್ಯಾಲಯದ ಕಲಾಕೇಂದ್ರದಲ್ಲಿದೆ. ಆದರೆ ಕಾಗದದ ಮೇಲಿನ ಬುತೋ-ಫು ಒಂದನ್ನೇ ಹಿಡಿದು ಕೃತಿಯನ್ನು ಮರಳಿ ಕಟ್ಟಲಾಗದು. ಯಾವ ಪದಕ್ಕೆ ಎಷ್ಟು ಹೊತ್ತು, ಯಾವ ಭಂಗಿ ಎಂಬುದು ಶಿಷ್ಯರ ಮೈಯಲ್ಲಿತ್ತು, ಮುಖ್ಯವಾಗಿ ಆಶಿಕಾವಾ ಯೋಕೋ ಅವರ ಮೈಯಲ್ಲಿ. 1973ರ ನಂತರ ಹಿಜಿಕಾತಾ ತಾವು ವೇದಿಕೆ ಹತ್ತುವುದನ್ನು ನಿಲ್ಲಿಸಿ ಇವರ ಮೂಲಕ ಬರೆದರು ಎನ್ನಬಹುದು.

ಮನೆಯಲ್ಲಿ ಶುರುಮಾಡಲು ಒಂದು ಅಭ್ಯಾಸ ಹೇಳಿ.

ನಡಿಗೆಯಿಂದ ಶುರುಮಾಡಿ. ಜಪಾನಿಯಲ್ಲಿ ‘ಹೊಕೋ’. ಐದು ಮೀಟರ್ ಖಾಲಿ ನೆಲ ಸಾಕು. ಬರಿಗಾಲು, ಮರದ ನೆಲವಾದರೆ ಒಳ್ಳೆಯದು, ನುಣುಪು ಟೈಲ್ಸ್ ಬೇಡ. ಮೊದಲು ಹತ್ತು ನಿಮಿಷ ಕಣಕಾಲು, ಮೊಣಕಾಲು, ಸೊಂಟ ಸಡಿಲಿಸಿಕೊಳ್ಳಿ.

ಪಾದಗಳನ್ನು ಸಮಾನಾಂತರ ಇಟ್ಟು ನಿಂತು ಮೊಣಕಾಲು ತುಸು ಬಗ್ಗಿಸಿ, ಸೊಂಟ ನಾಲ್ಕು ಬೆರಳಿನಷ್ಟು ಕೆಳಗಿಳಿಯಲಿ. ತಲೆಯ ಮೇಲೆ ತುಂಬಿದ ನೀರಿನ ಬೋಗುಣಿ ಇದೆ ಎಂದುಕೊಳ್ಳಿ. ನಡೆಯುವಾಗ ತಲೆ ಏರಿಳಿಯಬಾರದು. ಅಂಗಾಲಿನ ಕೆಳಗೆ ಕ್ಷೌರದ ಅಲಗು. ಆದ್ದರಿಂದ ಪಾದ ಊರುವ ಹಾಗಿಲ್ಲ, ನೆಲವನ್ನು ಸವರಿಕೊಂಡೇ ಹೋಗಬೇಕು. ಕಣ್ಣು ಗಾಜಿನದು: ತೆರೆದಿರುತ್ತದೆ, ಏನನ್ನೂ ಹಿಡಿಯುವುದಿಲ್ಲ. ಬದಲಿಗೆ ಹಣೆಯ ನಡುವೆ ಒಂದು ಕಣ್ಣಿದೆ, ಅದು ನೋಡುತ್ತಿದೆ. ಕೀಲುಗಳಿಗೆಲ್ಲ ಜೇಡರ ಬಲೆಯ ಎಳೆ ಕಟ್ಟಿದೆ, ನೀವು ನಡೆಯುವುದಲ್ಲ, ಎಳೆಗಳು ಎಳೆಯುತ್ತಿವೆ.

ಇವನ್ನೆಲ್ಲ ಒಂದೇ ದಿನ ಹೇರಿಕೊಳ್ಳಬೇಡಿ. ಮೊದಲ ವಾರ ಬೋಗುಣಿ ಮಾತ್ರ, ಎರಡನೆಯ ವಾರ ಅಲಗನ್ನು ಸೇರಿಸಿ, ಹೀಗೆ. ಐದು ಮೀಟರ್ ದಾಟಲು ಮೊದಲು ಮೂರು ನಿಮಿಷ, ಆಮೇಲೆ ಹತ್ತು. ದಿನಕ್ಕೆ ಎರಡು ಸಲ ದಾಟಿದರೆ ಸಾಕು.

ಆರಂಭಿಕರು ಎಲ್ಲಿ ಎಡವುತ್ತಾರೆ?

ನಿಧಾನವನ್ನೇ ಬುತೋ ಎಂದುಕೊಳ್ಳುವುದು ಮೊದಲ ತಪ್ಪು. ನಿಧಾನ ಬರಬೇಕಾದದ್ದು ಅಲಗಿನಿಂದ. ಚಿತ್ರ ಇಲ್ಲದೆ ಬರೀ ನಿಧಾನ ನಡೆದರೆ ಅದು ಸಿನಿಮಾದ ಸ್ಲೋ ಮೋಷನ್ ಆಗುತ್ತದೆ, ಎರಡೇ ನಿಮಿಷದಲ್ಲಿ ನೋಡುವವರಿಗೆ ಗೊತ್ತಾಗಿಬಿಡುತ್ತದೆ.

ಎರಡನೆಯದು ಮುಖ. ಸಂಕಟ ತೋರಿಸಲು ಬಾಯಿ ತಿರುಚುವವರು ಬಹಳ. ಮುಖ ಕಿವುಚಿದ ಕೂಡಲೇ ಬೆನ್ನು ಮತ್ತು ಪಾದದಲ್ಲಿದ್ದ ಗಮನ ಮೇಲಕ್ಕೆ ಓಡಿಬಿಡುತ್ತದೆ, ಕೆಳಗಿನ ಮೈ ಸಾಯುತ್ತದೆ. ಮೊದಲ ಆರು ತಿಂಗಳು ಮುಖಕ್ಕೆ ಕೆಲಸವೇ ಕೊಡಬೇಡಿ.

ಉಸಿರು ಹಿಡಿಯುವುದು ಮೂರನೆಯದು. ಸಮತೋಲ ತಪ್ಪುತ್ತದೆಂಬ ಭಯಕ್ಕೆ ಉಸಿರು ಬಿಗಿಯುತ್ತದೆ, ಹೆಗಲು ಏರುತ್ತದೆ, ನಾಲ್ಕನೆಯ ನಿಮಿಷಕ್ಕೆ ತಲೆ ಸುತ್ತುತ್ತದೆ. ಕಣ್ಣು ಮುಚ್ಚಿಕೊಂಡರೆ ಇನ್ನೂ ಬೇಗ. ಅದಕ್ಕೇ ಗಾಜಿನ ಕಣ್ಣು ಎಂದಿರುವುದು, ಮುಚ್ಚಿದ ಕಣ್ಣು ಎಂದಲ್ಲ.

ಮೊಣಕಾಲು ನೋವು ಬಂದರೆ ಬಹುತೇಕ ಒಂದೇ ಕಾರಣ: ಬಗ್ಗಿಸಿದಾಗ ಮೊಣಕಾಲು ಪಾದದ ಬೆರಳಿನ ದಿಕ್ಕು ಬಿಟ್ಟು ಒಳಕ್ಕೆ ಬೀಳುತ್ತಿರುತ್ತದೆ. ಕನ್ನಡಿಯಲ್ಲಿ ಒಮ್ಮೆ ನೋಡಿ ಸರಿಮಾಡಿಕೊಂಡು, ಮತ್ತೆ ಕನ್ನಡಿಗೆ ಬೆನ್ನು ಹಾಕಿ. ಕನ್ನಡಿ ನೋಡುತ್ತ ಬುತೋ ಅಭ್ಯಾಸ ಮಾಡುವುದು ತನ್ನನ್ನು ತಾನೇ ಕಚಗುಳಿ ಇಟ್ಟುಕೊಂಡ ಹಾಗೆ.

ಮೈಗೆಲ್ಲ ಬಿಳಿ ಬಳಿಯುವುದು ಏಕೆ? ಹೇಗೆ ಹಚ್ಚುತ್ತಾರೆ?

ಕಡ್ಡಾಯವೇನಲ್ಲ. ಆರಂಭದ ವರ್ಷಗಳಲ್ಲಿ ಹಿಜಿಕಾತಾ ಗುಂಪಿನವರು ಪ್ಲಾಸ್ಟರ್ ಬಳಿದುಕೊಳ್ಳುತ್ತಿದ್ದರು. ಒಣಗಿ ಬಿರುಕುಬಿಟ್ಟು ಚರ್ಮ ಎಳೆಯುವುದೇ ಬೇಕಿತ್ತು, ಮೈ ಮೇಲೆ ಇನ್ನೊಂದು ಚರ್ಮ ಇದ್ದ ಹಾಗೆ. ಮುಂದೆ ಇದು ವ್ಯಕ್ತಿಯ ಗುರುತನ್ನು ಅಳಿಸುವ ಸಾಧನವಾಯಿತು. ಮಂದ ಬೆಳಕಿನಲ್ಲಿ ಸ್ನಾಯುವಿನ ಸಣ್ಣ ಅದುರು ಕೂಡ ಬಿಳಿಯ ಮೇಲೆ ನೆರಳಾಗಿ ಕಾಣುವುದು ಇನ್ನೊಂದು ಲಾಭ.

ಪ್ಲಾಸ್ಟರ್ ಆಫ್ ಪ್ಯಾರಿಸ್ ಅಥವಾ ಸುಣ್ಣವನ್ನು ನೀವು ಎಂದೂ ಹಚ್ಚಬೇಡಿ. ಪ್ಲಾಸ್ಟರ್ ಗಟ್ಟಿಯಾಗುವಾಗ ಬಿಸಿಯಾಗುತ್ತದೆ, ಸುಣ್ಣ ಚರ್ಮ ಸುಡುತ್ತದೆ. ನೀರಿನಲ್ಲಿ ಕದಡುವ ರಂಗದ ಬಿಳಿ ಬಣ್ಣ ತನ್ನಿ. ಹಿಂದಿನ ದಿನ ಮುಂಗೈ ಒಳಬದಿಗೆ ಒಂದು ಬೊಟ್ಟು ಹಚ್ಚಿ 24 ಗಂಟೆ ನೋಡಿ. ಮೈಗೆ ಎಣ್ಣೆ, ಕ್ರೀಮು ಇರಬಾರದು, ಇದ್ದರೆ ನೀರಿನ ಬಣ್ಣ ಕೂರದೆ ತೇಪೆ ತೇಪೆಯಾಗುತ್ತದೆ. ಒದ್ದೆ ಸ್ಪಂಜಿನಲ್ಲಿ ತೆಳುವಾಗಿ ಒಂದು ಪದರ ಹಚ್ಚಿ, ಹತ್ತು ನಿಮಿಷ ಒಣಗಿಸಿ, ಎರಡನೆಯ ಪದರ ಹಚ್ಚಿ. ದಪ್ಪಗೆ ಒಂದೇ ಸಲ ಹಚ್ಚಿದರೆ ಮೊಣಕೈ, ಕತ್ತು, ಮೊಣಕಾಲಿನ ಮಡಿಕೆಗಳಲ್ಲಿ ಮೊದಲು ಉದುರುವುದು ಅದೇ. ಕಿವಿಯ ಹಿಂದೆ, ಬೆರಳ ಸಂದಿ, ಅಂಗಾಲಿನ ಅಂಚು ಮರೆಯುವವರೇ ಹೆಚ್ಚು. ಅಂಗಾಲಿನ ನಡುಭಾಗಕ್ಕೆ ಹಚ್ಚಬೇಡಿ, ಜಾರುತ್ತದೆ. ಬೆನ್ನಿಗೆ ಇನ್ನೊಬ್ಬರ ಕೈ ಬೇಕೇ ಬೇಕು. ಇಡೀ ಮೈಗೆ ಮುಕ್ಕಾಲು ಗಂಟೆ ಇಟ್ಟುಕೊಳ್ಳಿ.

ತಲೆ ಬೋಳಿಸಿಕೊಳ್ಳಲೇಬೇಕೆ? ಬತ್ತಲಾಗಬೇಕೆ?

ಎರಡೂ ಬೇಡ. ಬೋಳುತಲೆ ಮುಖ್ಯವಾಗಿ ಸಾಂಕಾಯ್ ಜುಕು ತಂಡದ ಮುದ್ರೆ. ಅವರ ಪೋಸ್ಟರುಗಳು ಜಗತ್ತೆಲ್ಲ ಹರಡಿದ್ದರಿಂದ ಅದೇ ನಿಯಮ ಎನಿಸಿಬಿಟ್ಟಿದೆ.

ಭರತನಾಟ್ಯ ಕಲಿತವರಿಗೆ ಇದು ಸುಲಭವಾಗುತ್ತದೆಯೆ?

ತೊಡೆಯ ಬಲ, ಬಗ್ಗಿದ ಮೊಣಕಾಲಿನ ಸಹನೆ ಮೊದಲೇ ಇರುತ್ತದೆ, ಅದು ಲಾಭ. ಆದರೆ ಭರತನಾಟ್ಯದ ಅರ್ಧ ಕೂತ ನಿಲುವಾದ ಅರಮಂಡಿಯಲ್ಲಿ ಬೆನ್ನು ಕಂಬದ ಹಾಗೆ ನೆಟ್ಟಗೆ, ಪಾದ ಪೂರ್ತಿ ನೆಲಕ್ಕೆ. ಗಾನಿಮತಾದಲ್ಲಿ ಬೆನ್ನು ಕುಸಿದಿರುತ್ತದೆ, ಪಾದದ ಹೊರ ಅಂಚು ಮಾತ್ರ ನೆಲಕ್ಕೆ. ಹೊರನೋಟಕ್ಕೆ ಹೋಲುವುದರಿಂದಲೇ ಮೈ ಗೊಂದಲಕ್ಕೆ ಬೀಳುತ್ತದೆ. ಕೈಗಳದು ಇನ್ನೂ ದೊಡ್ಡ ತೊಡಕು: ಹಸ್ತಮುದ್ರೆ ರೂಢಿಯಾದ ಬೆರಳು ಏನನ್ನಾದರೂ ಹೇಳಲು ಹೊರಟುಬಿಡುತ್ತದೆ. ಬುತೋದ ಕೈ ಹೂವನ್ನು ತೋರಿಸುವುದಿಲ್ಲ, ಅದೇ ಬಾಡುತ್ತ ಹೋಗುತ್ತದೆ.

ನೋಡಿದರೆ ಭೂತಕೋಲದ ಆವೇಶದ ನೆನಪಾಗುತ್ತದೆ. ಸಂಬಂಧ ಉಂಟೆ?

ಚರಿತ್ರೆಯ ಸಂಬಂಧ ಯಾವುದೂ ಇಲ್ಲ. ಕೋಲದಲ್ಲಿ ದೈವ ಬರುತ್ತದೆ ಎಂಬ ನಂಬಿಕೆಯಿದೆ, ಕೇಳುವ ಕುಟುಂಬ, ಊರು ಎದುರಿಗಿದೆ, ನುಡಿ ಇದೆ. ಬುತೋದಲ್ಲಿ ಬರುವ ದೈವವಿಲ್ಲ, ನುಡಿ ಕೇಳುವವರಿಲ್ಲ. ಎಷ್ಟನೆಯ ಹುಳು ಎಲ್ಲಿದೆ ಎಂಬ ಲೆಕ್ಕ ಕುಣಿಯುವವರಿಗೆ ಕೊನೆಯವರೆಗೂ ಇರಬೇಕು. ಲೆಕ್ಕ ತಪ್ಪಿದರೆ ಹಿಜಿಕಾತಾ ಪದ್ಧತಿಯಲ್ಲಿ ಅದು ತಪ್ಪೇ, ತನ್ಮಯತೆ ಅಲ್ಲ.

ಗಮನಿಸಬೇಕಾದ ಬೇರೆ ತಂಡಗಳು, ಕಲಾವಿದರು?

ಮಾರೊ ಅಕಾಜಿ 1972ರಲ್ಲಿ ಕಟ್ಟಿದ ದೈರಕುದಾಕಾನ್: ದೊಡ್ಡ ಗುಂಪು, ಜಾತ್ರೆಯಂಥ ಅಬ್ಬರ, ನಗು ಧಾರಾಳ. ಹುಟ್ಟಿ ಬಂದಿರುವುದೇ ಒಂದು ಪ್ರತಿಭೆ ಎಂಬುದು ಮಾರೊ ಸೂತ್ರ. ಈ ಗರಡಿಯಿಂದಲೇ ಹೊರಟ ಅಮಗಾತ್ಸು ಉಶಿಯೊ 1975ರಲ್ಲಿ ಸಾಂಕಾಯ್ ಜುಕು ಕಟ್ಟಿದರು. ‘ಬೆಟ್ಟ ಮತ್ತು ಕಡಲಿನ ಶಾಲೆ’ ಎಂದು ಅರ್ಥ. 1980ರ ದಶಕದಿಂದ ಪ್ಯಾರಿಸಿನ ತೆಯಾತ್ರ್ ದ ಲಾ ವಿಲ್ ಜೊತೆಗೂಡಿ ಕೃತಿಗಳನ್ನು ರಚಿಸಿದ ಇವರಲ್ಲಿ ಎಲ್ಲವೂ ಶುಭ್ರ, ಅಳತೆಯದು. ಹಿಜಿಕಾತಾ ಕೆಸರು ಇಲ್ಲಿ ಮರಳಾಗಿದೆ ಎಂದು ಮೂಗು ಮುರಿಯುವವರಿದ್ದಾರೆ. ಅಮಗಾತ್ಸು ಗುರುತ್ವಾಕರ್ಷಣೆಯೊಂದಿಗಿನ ಸಂವಾದವೇ ನೃತ್ಯ ಎನ್ನುತ್ತಿದ್ದರು. ನಮಗೆ ಅದು ಟೊಳ್ಳು ಮಾತಾಗಿ ಕಂಡಿಲ್ಲ. 2024ರಲ್ಲಿ ಅವರು ತೀರಿಕೊಂಡರು.

ಹೆಣ್ಣುಮಕ್ಕಳ ತಂಡ ಆರಿಯಾಡೊನೆಯನ್ನು ಕಟ್ಟಿದ ಕಾರ್ಲೊಟ್ಟಾ ಇಕೆದಾ ಮತ್ತು ಮುರೊಬುಶಿ ಕೋ 1978ರಲ್ಲೇ ಪ್ಯಾರಿಸಿನಲ್ಲಿ ಪ್ರದರ್ಶನ ಕೊಟ್ಟವರು. ತನಾಕಾ ಮಿನ್ ಯಮನಾಶಿಯ ಹಾಕುಶೂ ಹಳ್ಳಿಯಲ್ಲಿ ಬೇಸಾಯ ಮಾಡುತ್ತಲೇ ನೃತ್ಯ ಕಲಿಸಿದರು. ಕಸಾಯ್ ಅಕಿರಾ ನಡುವೆ ಜರ್ಮನಿಗೆ ಹೋಗಿ ಯುರಿತ್ಮಿ ಎಂಬ ಚಲನಕಲೆ ಕಲಿತು ಬಂದು ತೀರ ಬೇರೆ ವೇಗದ ಬುತೋ ಮಾಡಿದರು. ಬುತೋ ಎಂದರೆ ನಿಧಾನ ಎಂದು ಪಟ್ಟು ಹಿಡಿಯುವವರಿಗೆ ಅವರನ್ನು ತೋರಿಸಿ.

ಪ್ರದರ್ಶನದ ವೇಳೆ ಒಬ್ಬ ಕಲಾವಿದ ಸತ್ತದ್ದು ನಿಜವೇ?

ನಿಜ. 1985ರ ಸೆಪ್ಟೆಂಬರಿನಲ್ಲಿ ಅಮೆರಿಕದ ಸಿಯಾಟಲ್‌ನಲ್ಲಿ ಸಾಂಕಾಯ್ ಜುಕು ಕಲಾವಿದರು ಕಟ್ಟಡದ ಮೇಲಿನಿಂದ ತಲೆಕೆಳಗಾಗಿ ಹಗ್ಗದಲ್ಲಿ ಇಳಿಯುತ್ತಿದ್ದಾಗ ತಕಾದಾ ಯೊಷಿಯುಕಿ ಅವರ ಹಗ್ಗ ತುಂಡಾಯಿತು. ಅದನ್ನು ಬುತೋದ ‘ಸಾವಿನ ತತ್ತ್ವ’ಕ್ಕೆ ಜೋಡಿಸಿ ಬರೆದವರುಂಟು. ಅದು ಹಗ್ಗದ ಅವಘಡ, ಅಷ್ಟೇ.

ಕಲಿಯಲು ಜಪಾನಿಗೆ ಹೋಗಬೇಕೆ?

ಹೋದರೆ ಒಳ್ಳೆಯದು. ಯೊಕೊಹಾಮಾದ ಕಾಮಿಹೊಶಿಕಾವಾದಲ್ಲಿ ಓನೋ ಮನೆಯ ಪಕ್ಕದ ತಾಲೀಮು ಕೋಣೆಯಲ್ಲಿ ದಶಕಗಳ ಕಾಲ ಪಾಠ ನಡೆದಿದೆ. ತಂದೆಯ ನಂತರ ಯೊಷಿತೊ 2020ರಲ್ಲಿ ತೀರಿಕೊಳ್ಳುವವರೆಗೆ ಅದನ್ನು ಮುನ್ನಡೆಸಿದರು. ದೈರಕುದಾಕಾನ್ ನಾಗಾನೊದ ಹಾಕುಬಾದಲ್ಲಿ ಬೇಸಿಗೆ ಶಿಬಿರ ನಡೆಸುತ್ತ ಬಂದಿದೆ. ಹೊರಡುವ ಮುನ್ನ ಆ ವರ್ಷದ ವೇಳಾಪಟ್ಟಿಯನ್ನು ತಂಡದವರಲ್ಲೇ ಕೇಳಿ ಖಚಿತಪಡಿಸಿಕೊಳ್ಳಿ.

ಎಲ್ಲೇ ಶಿಬಿರ ಸೇರಿದರೂ ಕಲಿಸುವವರು ಯಾರಲ್ಲಿ ಎಷ್ಟು ವರ್ಷ ಕಲಿತರು ಎಂದು ಕೇಳಿ. ವಾರದ ಕೊನೆಯ ಎರಡು ದಿನದಲ್ಲಿ ‘ಒಳಗಿನ ನೋವನ್ನು ಹೊರಹಾಕಿ’ ಎನ್ನುವ ಚಿಕಿತ್ಸಾ ಶಿಬಿರಗಳು ಬುತೋ ಹೆಸರಿನಲ್ಲಿ ಬೇಕಾದಷ್ಟಿವೆ. ಅವುಗಳಿಂದ ಯಾರಿಗಾದರೂ ಹಗುರವಾದರೆ ಸಂತೋಷ, ಆದರೆ ಅಲ್ಲಿ ನಡಿಗೆ ಕಲಿಸದಿದ್ದರೆ ನೀವು ಕಲಿತದ್ದು ಬುತೋ ಅಲ್ಲ.

ಮೊದಲ ಸಲ ನೋಡಲು ಹೋಗುತ್ತಿದ್ದೇನೆ. ಏನೂ ಅರ್ಥವಾಗದಿದ್ದರೆ?

ಕಥೆ ಹುಡುಕಬೇಡಿ, ಬಹುಪಾಲು ಕೃತಿಗಳಲ್ಲಿ ಅದು ಇರುವುದಿಲ್ಲ. ಒಂದೂಕಾಲು ಗಂಟೆ ಸುಮ್ಮನೆ ಕೂರುವ ತಯಾರಿ ಇರಲಿ. ಮುಂದಿನ ಸಾಲಿಗಿಂತ ಮೂರನೆಯ ಅಥವಾ ನಾಲ್ಕನೆಯ ಸಾಲು ವಾಸಿ: ಪಾದಗಳು ಕಾಣುತ್ತವೆ, ಬಿಳಿ ಪುಡಿ ಮೈಮೇಲೆ ಬೀಳುವುದಿಲ್ಲ. ಮುಖ ನೋಡುವ ಚಾಳಿ ಬಿಟ್ಟು ಮೊದಲ ಕಾಲು ಗಂಟೆ ಬರೀ ಪಾದ ಮತ್ತು ಬೆನ್ನು ನೋಡಿ. ನಡುವೆ ನಿದ್ದೆ ಹತ್ತಿದರೆ ಹತ್ತಲಿ. ನೋಹ್ ನೋಡುವ ಜಪಾನಿಯರೂ ತೂಕಡಿಸುತ್ತಾರೆ.